ಹರಿಗೋಲಿನಲ್ಲಿ ಹತ್ತು ಸೇರು ಹೆಚ್ಚು

ಹುಲಿಗಿಯ ಅಂಬಿಗ ಗ್ಯಾನಪ್ಪನಿಗೆ ಮನುಷ್ಯರಲ್ಲಿ ಮೊದಲು ಕಾಣುತ್ತಿದ್ದದ್ದು ಮುಖವಲ್ಲ, ತೂಕ. ಹೆಸರು ಮರೆಯುತ್ತಿದ್ದ, ಊರು ಮರೆಯುತ್ತಿದ್ದ, ಒಮ್ಮೊಮ್ಮೆ ಸ್ವಂತ ಷಡ್ಡಕನನ್ನೇ ಗುರುತು ಹಿಡಿಯದೆ ಪೇಚಿಗೆ ಬೀಳುತ್ತಿದ್ದ. ಆದರೆ ಹೊಸಪೇಟೆಯ ಬೆಲ್ಲದ ವ್ಯಾಪಾರಿ ಹೋದ ಹುಣ್ಣಿಮೆಗಿಂತ ಈ ಹುಣ್ಣಿಮೆಗೆ ಮೂರು ಸೇರು ಇಳಿದಿದ್ದಾನೆ ಎಂಬುದು ಆ ವ್ಯಾಪಾರಿಯ ಹೆಂಡತಿಗಿಂತ ಮೊದಲೇ ಇವನಿಗೆ ಗೊತ್ತಾಗಿಬಿಡುತ್ತಿತ್ತು.

ಇದು ಪವಾಡವೇನಲ್ಲ, ಕಸುಬು ಕಲಿಸಿದ್ದು. ಹರಿಗೋಲೆಂದರೆ ಬಿದಿರು ಹೆಣೆದು ಎಮ್ಮೆಯ ತೊಗಲು ಹೊದಿಸಿದ ದೊಡ್ಡ ಬುಟ್ಟಿ, ಅಷ್ಟೆ. ಅದಕ್ಕೆ ಮುಂದಿಲ್ಲ, ಹಿಂದಿಲ್ಲ. ಒಂದು ಬದಿ ಭಾರವಾದರೆ ಬುಗುರಿಯಂತೆ ತಿರುಗಲು ಶುರು. ತುಂಗಭದ್ರೆಯೋ ಹುಲಿಗಿಯ ಹತ್ತಿರ ಬಂಡೆಗಳ ನಡುವೆ ನುಗ್ಗಿ ಬರುವವಳು, ತಿರುಗುವ ಹರಿಗೋಲನ್ನು ಕಂಡರೆ ಬಿಡುವವಳಲ್ಲ. ಅದಕ್ಕೇ ಗ್ಯಾನಪ್ಪ ಆಚೆ ದಂಡೆಯಲ್ಲಿ ನಿಂತ ಯಾತ್ರಿಕರನ್ನೆಲ್ಲ ಒಮ್ಮೆ ಕಣ್ಣಾಡಿಸಿ ನೋಡಿ, ಹುಟ್ಟಿನ ತುದಿಯಿಂದ ಒಬ್ಬೊಬ್ಬರಿಗೆ ಜಾಗ ತೋರಿಸುತ್ತಿದ್ದ. ಆ ದಪ್ಪನೆಯ ಅಜ್ಜಿ ಇಲ್ಲಿ, ಅವಳೆದುರಿಗೆ ಈ ಅಣ್ಣ ಮತ್ತು ಅವನ ಗಂಟು, ತೆಳ್ಳಗಿನ ಇಬ್ಬರು ಸೇರಿ ಅಲ್ಲಿ. ಎಲ್ಲರೂ ಕುಳಿತ ಮೇಲೆ ಹರಿಗೋಲು ಊಟದ ಗಂಗಾಳದಂತೆ ಸಮನಾಗಿ ನಿಂತರೆ ಅವನ ಲೆಕ್ಕ ಸರಿ. ಎಲ್ಲಾದರೂ ಒಂದು ಬೆರಳು ವಾಲಿದರೆ ಅವನ ಕಣ್ಣು ತಪ್ಪಿದೆ ಎಂದರ್ಥ. ಇಪ್ಪತ್ತೆರಡು ವರ್ಷ ಹೀಗೆ ದಿನಕ್ಕೆ ಹತ್ತು ಸಲ ಪರೀಕ್ಷೆ ಕೊಟ್ಟರೆ ಯಾರ ಕಣ್ಣು ತಾನೇ ತಕ್ಕಡಿಯಾಗುವುದಿಲ್ಲ?

ಅವನ ಮದುವೆಯಾದದ್ದೂ ಇದರಿಂದಲೇ. ದುರಗಮ್ಮ ತನ್ನ ಸೋದರತ್ತೆ, ಚಿಕ್ಕಮ್ಮಂದಿರ ಜೊತೆ ಹುಲಿಗೆಮ್ಮನ ದರ್ಶನಕ್ಕೆ ಬಂದವಳು ಹರಿಗೋಲು ಹತ್ತಿದಾಗ, ಗ್ಯಾನಪ್ಪ ಎಲ್ಲರೆದುರಿಗೆ ಅವಳ ತೂಕವನ್ನು ಸೇರಿನ ಲೆಕ್ಕದಲ್ಲಿ ಹೇಳಿ ಈ ಕಡೆ ಕೂಡು ಎಂದಿದ್ದ. ಇಳಿಯುವಾಗ ಅವಳು ಹಿಂತಿರುಗಿ, "ಎಲ್ಲಾರ ತೂಕಾ ಹೇಳ್ತೀಯಲ್ಲ, ನಿಂದೆಷ್ಟು?" ಎಂದು ಕೇಳಿದಳು. ಗ್ಯಾನಪ್ಪ ಬೆಪ್ಪಾದ. ತಾನು ಇಲ್ಲದ ಹರಿಗೋಲನ್ನು ಅವನು ನೀರಿನ ಮೇಲೆ ಎಂದೂ ಕಂಡಿರಲಿಲ್ಲ, ಹಾಗಾಗಿ ತನ್ನ ತೂಕ ಎಷ್ಟೆಂದು ಅವನಿಗೆ ತಿಳಿಯುವ ದಾರಿಯೇ ಇರಲಿಲ್ಲ. ಆ ಪ್ರಶ್ನೆ ಕೇಳಿದವಳನ್ನೇ ಹುಡುಕಿಕೊಂಡು ಹೋಗಿ ಮದುವೆಯಾದ.

ಆಗ ತುಂಗಭದ್ರೆಯ ಈ ದಂಡೆ ನಿಜಾಮರದು, ಆ ದಂಡೆ ಇಂಗ್ಲಿಷರದು. ದೇವಿ ಕುಳಿತದ್ದು ಈ ದಂಡೆಯಲ್ಲಿ, ಅವಳ ಮಕ್ಕಳು ಅರ್ಧಕ್ಕರ್ಧ ಆ ದಂಡೆಯಲ್ಲಿ. ಆಚೆಯಿಂದ ಬರುವ ಮಾಲಿಗೆ ಸುಂಕ ಇತ್ತು, ಸುಂಕಕ್ಕೊಂದು ನಾಕಾ ಇತ್ತು, ನಾಕಾದ ಬೇವಿನ ಮರದ ಕೆಳಗೆ ಮುರ್ತುಜಾಸಾಬ ಎಂಬ ಜವಾನ ಇದ್ದ. ಮುರ್ತುಜಾಸಾಬ ಮತ್ತು ಗ್ಯಾನಪ್ಪ ಒಂದೇ ಚುಟ್ಟಾವನ್ನು ಅರ್ಧ ಮಾಡಿಕೊಂಡು ಸೇದುವಷ್ಟು ಹಳೆಯ ಗೆಳೆಯರು. ಜನರ ತೂಕದ ಮೇಲೆ ಇಬ್ಬರೂ ಜಿದ್ದು ಕಟ್ಟಿ ಆಡುತ್ತಿದ್ದರು. ತಕರಾರು ಬಂದರೆ ಮುನಿರಾಬಾದ ಸ್ಟೇಷನ್ನಿನಲ್ಲಿ ಮಾಲು ತೂಗುವ ಕಾಟಾದ ಮೇಲೆ ಆ ಬಡಪಾಯಿ ಯಾತ್ರಿಕನನ್ನು ನಿಲ್ಲಿಸಿಯೇ ಬಿಡುತ್ತಿದ್ದರು. ಗ್ಯಾನಪ್ಪನ ಮಾತು ಒಂದು ಸೇರಿಗಿಂತ ಹೆಚ್ಚು ತಪ್ಪಿದ್ದು ಯಾರಿಗೂ ನೆನಪಿಲ್ಲ. ರೈಲಿನ ಕಾಟಾ ಕೆಟ್ಟರೂ ಗ್ಯಾನಪ್ಪ ಕೆಡುವುದಿಲ್ಲ ಎಂದು ಸ್ಟೇಷನ್ನಿನ ಹಮಾಲರೇ ಹೇಳುತ್ತಿದ್ದರು. ಆ ಮಾತು ಕೇಳಿದ ದಿನ ಅವನಿಗೆ ರೊಟ್ಟಿ ಎರಡು ಹೆಚ್ಚಿಗೆ ಬೇಕಾಗುತ್ತಿತ್ತು.

ಹೀಗಿರುವಾಗ ೧೯೪೫ರ ಬೇಸಿಗೆ ಬಂತು. ನದಿಗೆ ಅಡ್ಡಲಾಗಿ ದೊಡ್ಡ ಅಣೆಕಟ್ಟು ಕಟ್ಟುತ್ತಾರೆಂದು ಅಡಿಗಲ್ಲು ಬಿದ್ದಿತ್ತು. ಮೇಲ್ಗಡೆಯ ಊರುಗಳಲ್ಲಿ ಟೋಪಿ ಹಾಕಿದವರು ಮೂರು ಕಾಲಿನ ಯಂತ್ರ ಇಟ್ಟು ನೋಡಿ, ಮರಗಳ ಮೇಲೆ, ಗೋಡೆಗಳ ಮೇಲೆ ಸುಣ್ಣದ ಗೆರೆ ಎಳೆದು ಹೋಗುತ್ತಿದ್ದರು. ನೀರು ಇಲ್ಲಿಯವರೆಗೆ ಬರುತ್ತದೆಯಂತೆ. ಹರಿಗೋಲಿನಲ್ಲಿ ಎಲ್ಲರ ಬಾಯಲ್ಲೂ ಅದೇ ಸುದ್ದಿ, ನಂಬಿದವರು ಮಾತ್ರ ಯಾರೂ ಇಲ್ಲ.

ಆ ಬೇಸಿಗೆಯ ಒಂದು ಹುಣ್ಣಿಮೆಗೆ ಉಡಚಮ್ಮ ಬಂದಳು. ಆಚೆ ದಂಡೆಯ ಮೇಲ್ಗಡೆಯ ಒಂದು ಹಳ್ಳಿಯ ಜೋಗಮ್ಮ, ಅರವತ್ತರ ಹತ್ತಿರದ ವಯಸ್ಸು, ಒಣಗಿದ ತೊಗರಿ ಕಟ್ಟಿಗೆಯಂಥ ಮೈ. ತಲೆಯ ಮೇಲೆ ಪಡಲಗಿ, ಅಂದರೆ ದೇವಿಯ ಹಿತ್ತಾಳೆಯ ಮುಖ ಇಟ್ಟು ಅರಿಶಿನದ ಭಂಡಾರ, ಹೂವು, ಹಸಿರು ಖಣಗಳಿಂದ ಸಿಂಗರಿಸಿದ ಬಿದಿರಿನ ಬುಟ್ಟಿ. ಪಡಲಗಿಯ ಕಟ್ಟಳೆ ಎಲ್ಲರಿಗೂ ಗೊತ್ತಿದ್ದದ್ದೇ. ಊರಲ್ಲಿ ಪೂಜೆ ಮಾಡಿ ಎತ್ತಿದ ಮೇಲೆ ಹುಲಿಗಿ ಮುಟ್ಟುವತನಕ ಅದನ್ನು ನೆಲಕ್ಕೆ ಇಡುವಂತಿಲ್ಲ, ಹೊತ್ತವಳ ಹೊರತು ಬೇರೆ ಯಾರೂ ಕೈ ಹಚ್ಚುವಂತಿಲ್ಲ. ಗ್ಯಾನಪ್ಪ ಅವಳನ್ನು ನೋಡಿದ, ಬುಟ್ಟಿ ನೋಡಿದ, ಎರಡೂ ಸೇರಿಸಿ ಲೆಕ್ಕ ಹಾಕಿ ತನ್ನ ಬಲಗಡೆ ಕೂಡಿಸಿಕೊಂಡ. ಅವಳು ಪಡಲಗಿಯನ್ನು ತೊಡೆಯ ಮೇಲಿಟ್ಟುಕೊಂಡಳು. ಹರಿಗೋಲು ಬಲಕ್ಕೆ ವಾಲಿತು.

ಗ್ಯಾನಪ್ಪ ತನ್ನ ಕಣ್ಣನ್ನೇ ಬೈದುಕೊಂಡು ಒಬ್ಬಳನ್ನು ಎಡಕ್ಕೆ ಸರಿಸಿ ದಾಟಿಸಿದ. ಸಂಜೆ ಅವಳನ್ನು ವಾಪಸು ಒಯ್ಯುವಾಗ ಅದೇ ಲೆಕ್ಕ, ಅದೇ ಜಾಗ. ಹರಿಗೋಲು ಒಂದು ಕೂದಲಷ್ಟೂ ಅಲುಗಲಿಲ್ಲ.

ಮುಂದಿನ ಹುಣ್ಣಿಮೆಗೂ ಹಾಗೆಯೇ. ಬರುವಾಗ ಹತ್ತು ಸೇರು ಹೆಚ್ಚು, ಹೋಗುವಾಗ ಇಲ್ಲ. ಅದರ ಮುಂದಿನದಕ್ಕೂ ಅದೇ.

ಅಲ್ಲಿಂದ ಗ್ಯಾನಪ್ಪನಿಗೆ ನಿದ್ದೆ ಹತ್ತದಂತಾಯಿತು. ತೆಂಗಿನಕಾಯಿಯೇ? ಗುಡಿಗೆ ಒಡೆಸಲು ಎಷ್ಟು ತಂದಾಳು, ಎರಡೋ ಮೂರೋ. ಉಪ್ಪೇ? ಉಪ್ಪಾದರೆ ಹೊಳೆಯ ಗಾಳಿಗೆ ಬುಟ್ಟಿಯ ತಳ ಒದ್ದೆಯಾಗಬೇಕಿತ್ತು, ಆಗಿರಲಿಲ್ಲ. ಬಟ್ಟೆಯಾದರೆ ಇಷ್ಟು ಸಣ್ಣ ಬುಟ್ಟಿಯಲ್ಲಿ ಹತ್ತು ಸೇರು ಹಿಡಿಯದು. ದುರಗಮ್ಮನನ್ನು ಕೇಳಿದರೆ ಅವಳ ಉತ್ತರ ಸಿದ್ಧವಿತ್ತು. "ದೇವಿ ತವರಿಗೆ ಬರೂ ಮುಂದ ಹೊಟ್ಟಿ ತುಂಬಾ ಸುದ್ದಿ ತುಂಬ್ಕೊಂಡು ಬರ್ತಾಳ್ರಿ. ಅವ್ವನ ಮುಂದ ಎಲ್ಲಾ ಹೇಳಿ ಹಗುರಾಗಿ ಹೋಗ್ತಾಳ. ನಾ ಹೋಗಂಗಿಲ್ಲೇನು ಹಂಗ?" ಗ್ಯಾನಪ್ಪ ನಕ್ಕ, ಆದರೆ ಆ ಮಾತನ್ನೂ ಎರಡು ದಿನ ತಲೆಯಲ್ಲಿಟ್ಟುಕೊಂಡು ತೂಗಿ ನೋಡಿದ.

ಒಂದು ಹುಣ್ಣಿಮೆಗಂತೂ ಹರಿಗೋಲನ್ನು ತಮ್ಮನ ಕೈಗೆ ಕೊಟ್ಟು ಅವಳ ಹಿಂದೆಯೇ ಹೋದ. ಗುಡಿಯ ಹಿಂದಿನ ಹೊಳೆದಂಡೆಯಲ್ಲಿ ಕುಷ್ಟಗಿ, ಯಲಬುರ್ಗಾ, ಗಂಗಾವತಿ ಕಡೆಯ ಗಾಡಿಗಳು ಬಿಟ್ಟಿದ್ದವು. ಎಲ್ಲಿ ನೋಡಿದರೂ ಮೂರು ಮೂರು ಒಲೆಗುಂಡು ಹೂಡಿ ಜನ ದೇವಿಗೆ ಎಡೆ ಬೇಯಿಸುತ್ತಿದ್ದರು. ಉಡಚಮ್ಮ ಒಂದು ಆರಿದ ಒಲೆಯ ಪಕ್ಕ ಕುಳಿತು, ಪಡಲಗಿಯನ್ನು ಸೆರಗಿನ ಮರೆಯಲ್ಲಿಟ್ಟು ಪೂಜೆ ಮಾಡಿ, ಯಾರೋ ಕೊಟ್ಟ ಎರಡು ಕಡುಬು ತಿಂದು, ಗುಡಿಗೆ ಹೋಗಿ ಕೈಮುಗಿದು ಬಂದಳು. ಅಷ್ಟೆ. ಯಾರಿಗೂ ಏನನ್ನೂ ಕೊಡಲಿಲ್ಲ. ಗ್ಯಾನಪ್ಪನಿಗೆ ಸಿಕ್ಕಿದ್ದು ಕಣ್ಣು ತುಂಬ ಹೊಗೆ ಮಾತ್ರ. ವಾಪಸು ಹೋಗುವಾಗ ಅವಳು ಮತ್ತೆ ಹತ್ತು ಸೇರು ಕಮ್ಮಿ.

ಕೊನೆಗೆ ತಡೆಯಲಾರದೆ ಬಾಯಿಬಿಟ್ಟು ಕೇಳಿಯೇ ಬಿಟ್ಟ. ಉಡಚಮ್ಮ ಅವನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿ ಹೇಳಿದಳು, "ಊರ ಹೆಣ್ಮಕ್ಕಳ ಕೊಡದಾಗ ಎಷ್ಟು ನೀರೈತಿ ಅಂತ ಕೇಳ್ಕೋತ ಅಡ್ಡಾಡ್ತಿಯೇನೋ ತಮ್ಮಾ? ಸುಮ್ಮ ಹುಟ್ಟು ಹಾಕು."

ಗ್ಯಾನಪ್ಪ ಸುಮ್ಮನೆ ಹುಟ್ಟು ಹಾಕಿದ. ಆದರೆ ಸುಮ್ಮನಿರುವುದು ಅವನ ಕೈಗೆ ಬಂದಷ್ಟು ನಾಲಿಗೆಗೆ ಬರಲಿಲ್ಲ. ಚಳಿಗಾಲದ ಒಂದು ಮಧ್ಯಾಹ್ನ ಬೇವಿನ ಮರದ ಕೆಳಗೆ ಒಬ್ಬ ಯಾತ್ರಿಕನ ತೂಕದಲ್ಲಿ ಎರಡು ಸೇರು ತಪ್ಪಿದ. ಮುರ್ತುಜಾಸಾಬನಿಗೆ ಹಬ್ಬವೇ ಆಯಿತು. ಕಾಟಾ ತುಕ್ಕು ಹಿಡಿದಿದೆ, ಇನ್ನು ಮೇಲೆ ಗ್ಯಾನಪ್ಪ ಕುರಿ ಕಾಯಲಿ ಎಂದು ನಾಲ್ಕು ಜನರ ಮುಂದೆ ಛೇಡಿಸಿದ. ಗ್ಯಾನಪ್ಪನಿಗೆ ಚುರುಕ್ ಎಂದಿತು. ತುಕ್ಕು ಹಿಡಿದ ಕಾಟಾಕ್ಕೆ ಇದು ತಿಳಿಯುತ್ತಿತ್ತೇ ಎಂದು ಉಡಚಮ್ಮನ ಹತ್ತು ಸೇರಿನ ಸಂಗತಿಯನ್ನೆಲ್ಲ ಹೇಳಿಬಿಟ್ಟ. ಹೇಳಿ ಮುಗಿಸಿದಾಗ ಮುರ್ತುಜಾಸಾಬನ ಚುಟ್ಟಾ ಅರ್ಧ ದಾರಿಯಲ್ಲಿ ನಿಂತಿತ್ತು. ಗೆಳೆಯ ಗೆಳೆಯನೇ, ನಾಕಾ ನಾಕಾನೇ. ಆಚೆಯಿಂದ ಕದ್ದು ಮಾಲು ಬರುತ್ತಿದೆ, ಹುಡುಕಿ ಕೊಡಿ ಎಂದು ಆ ತಿಂಗಳೇ ಮೇಲಿನಿಂದ ಹುಕುಂ ಬಂದಿತ್ತು.

ಮಾಘದ ಭಾರತ ಹುಣ್ಣಿಮೆಯ ದಿನ ಬೆಳಗಿನ ರೈಲಿಗೆ ಮುರ್ತುಜಾಸಾಬ ಕರೆಸಿದ ಸುಂಕದ ಅಧಿಕಾರಿ ಅಮೀನಸಾಹೇಬರು ಬಂದಿಳಿದರು. ಮುರ್ತುಜಾಸಾಬ ಗ್ಯಾನಪ್ಪನನ್ನು ಬದಿಗೆ ಕರೆದು ಸಣ್ಣ ದನಿಯಲ್ಲಿ ಹೇಳಿದ. ದೇವಿಯ ಬುಟ್ಟಿ ಬಿಚ್ಚಿಸಲು ಸಾಹೇಬರಿಗೂ ಹೆದರಿಕೆ ಇದೆ. ಇಷ್ಟು ಜನ ಸೇರಿದಲ್ಲಿ ಸುಮ್ಮನೆ ಕೈ ಹಾಕುವುದಿಲ್ಲ. ಗ್ಯಾನಪ್ಪ ಎಲ್ಲರೆದುರಿಗೆ ಹತ್ತು ಸೇರು ಹೆಚ್ಚಿದೆ ಎಂದು ಹೇಳಿದರೆ ಮಾತ್ರ ಬಿಚ್ಚಿಸುತ್ತಾರೆ.

ಗ್ಯಾನಪ್ಪ ಆಚೆ ದಂಡೆಗೆ ಹೋಗುವಾಗ ಅವನ ತಲೆಯಲ್ಲಿ ಎರಡು ಯೋಚನೆ ಒಟ್ಟಿಗೇ ಓಡುತ್ತಿದ್ದವು. ಒಂದು, ತನ್ನ ನಾಲಿಗೆಯಿಂದ ಒಬ್ಬ ಮುದುಕಿಯ ಮಾನ ಹೋಗುತ್ತದೆಯಲ್ಲ ಎಂಬುದು. ಇನ್ನೊಂದು, ನಾಚಿಕೆಗೆಟ್ಟದ್ದು: ಇವತ್ತಾದರೂ ಅದರೊಳಗೆ ಏನಿದೆಯೆಂದು ಕಾಣುತ್ತದೆಯಲ್ಲ ಎಂಬುದು.

ಆಚೆ ದಂಡೆಯಲ್ಲಿ ಉಡಚಮ್ಮ ಒಬ್ಬಳೇ ಇರಲಿಲ್ಲ. ಅವಳ ಊರಿನ ಹಿರಿಯ ಅಮರಪ್ಪ ಮನೆಮಂದಿಯನ್ನೆಲ್ಲ ಕಟ್ಟಿಕೊಂಡು ದರ್ಶನಕ್ಕೆ ಹೊರಟಿದ್ದ. ಗ್ಯಾನಪ್ಪ ಅವರನ್ನೆಲ್ಲ ಎದುರು ಬದಿಗೆ ಕೂಡಿಸಿ, ಉಡಚಮ್ಮನನ್ನು ಎಂದಿನಂತೆ ತನ್ನ ಬಲಕ್ಕೆ ಕೂಡಿಸಿಕೊಂಡ. ಈ ಸಲ ಹತ್ತು ಸೇರು ಸೇರಿಸಿಯೇ ಲೆಕ್ಕ ಹಾಕಿದ್ದ. ಹರಿಗೋಲು ಗಂಗಾಳದಂತೆ ನಿಂತಿತು. ನಡುಹೊಳೆಗೆ ಬಂದಾಗ ಅಮರಪ್ಪನ ಮಂದಿ ಗುಡಿಯ ಕಡೆ ಕೈಮುಗಿದು ಉಧೋ ಉಧೋ ಎಂದು ಕೂಗಲು ಶುರುಮಾಡಿದರು. ಆ ಗದ್ದಲದ ಮರೆಯಲ್ಲಿ ಗ್ಯಾನಪ್ಪ ನಡೆದದ್ದನ್ನೆಲ್ಲ ಅವಳ ಕಿವಿಗೆ ಹಾಕಿದ. ತಾನೇ ಬಾಯಿ ಬಿಟ್ಟೆನೆಂಬುದನ್ನೂ ಮುಚ್ಚಿಡಲಿಲ್ಲ.

ಉಡಚಮ್ಮ ಬೈಯಲಿಲ್ಲ. ಅವನ ಒದ್ದೆ ಕೈಯನ್ನು ಹಿಡಿದು ಪಡಲಗಿಯ ಖಣದ ಕೆಳಗೆ ಎಳೆದಿಟ್ಟಳು. ಬೇರೆ ಯಾರೂ ಕೈ ಹಚ್ಚಬಾರದ ಜಾಗ. ಗ್ಯಾನಪ್ಪನ ಬೆರಳಿಗೆ ಹತ್ತಿದ್ದು ಕಲ್ಲು. ಎಣ್ಣೆ ಕುಡಿದು ನುಣುಪಾದ, ಅರಿಶಿನದ ಪದರು ಕಟ್ಟಿದ ಕಲ್ಲು.

"ನಮ್ಮೂರ ದೇವಿ ಕಟ್ಟೀದು," ಎಂದಳು ಪಿಸುಮಾತಿನಲ್ಲಿ. "ಸುಣ್ಣದ ಗೆರಿ ಕಟ್ಟೀಕಿಂತ ಆಳೆತ್ತರ ಮ್ಯಾಲ ಹಾಕ್ಯಾರ. ದೇವಿ ಅಲ್ಲೇ ಇದ್ರ ನೀರು ಬರೂದಿಲ್ಲಂತ ಅಮರಪ್ಪ ಊರೆಲ್ಲಾ ಆಣಿ ಮಾಡಿಸ್ಯಾನ. ಕಟ್ಟೀ ಮುಟ್ಟಿದವರು ಊರ ಹೊರಗ. ಹಿಂದಿಂದ ಒಂದೊಂದ ತಗದು, ಸಂದಿಗೆ ಮಣ್ಣು ಮೆತ್ತಿ ತರಾಕತ್ತೀನಿ. ಒಂಬತ್ತು ಮುಟ್ಯಾವ. ಇದು ಹತ್ತನೇದು."

ಎದುರು ಬದಿಯಲ್ಲಿ ಅಮರಪ್ಪ ಕಣ್ಣು ಮುಚ್ಚಿ ಎಲ್ಲರಿಗಿಂತ ಜೋರಾಗಿ ಉಧೋ ಎನ್ನುತ್ತಿದ್ದ. ನಾಕಾದ ಮುಂದೆ ಬುಟ್ಟಿ ಬಿಚ್ಚಿದರೆ ಆ ಅರಿಶಿನದ ಕಲ್ಲನ್ನು ಮೊದಲು ಗುರುತು ಹಿಡಿಯುವವನು ಅವನೇ. ಗ್ಯಾನಪ್ಪನಿಗೆ ಒಂದೇ ದಾರಿ ಹೊಳೆಯಿತು. ಯಾರೂ ನೋಡದಂತೆ ಹೊಳೆಗೆ ಬಿಟ್ಟುಬಿಡು ಎಂದ.

"ಹೊಳಿ ಬರ್ತೈತಂತ ತಗದು ತಂದೀನಿ," ಎಂದಳು ಉಡಚಮ್ಮ. "ಮತ್ತ ಹೊಳಿಗೇ ಒಗೀಲೇನು?"

ಗ್ಯಾನಪ್ಪ ಖಣದ ಕೆಳಗಿನಿಂದ ಕೈ ತೆಗೆದು ಹುಟ್ಟು ಹಿಡಿದ. ದಂಡೆ ಬಂದೇಬಿಟ್ಟಿತು.

ಅಮೀನಸಾಹೇಬರು ಯಾರೂ ಇಳಿಯಬಾರದೆಂದು ಕೈ ತೋರಿಸಿದರು. ಹೊಳೆದಂಡೆಯ ಜನ ಎಡೆಯ ಗಡಿಗೆಗಳನ್ನು ಬಿಟ್ಟು ಬಂದು ಸುತ್ತ ನೆರೆದರು. ಸಾಹೇಬರು ಬುದ್ಧಿವಂತರು. ಈ ಅಂಬಿಗನ ಮಾತಿನ ಮೇಲೆ ದೇವಿಯ ಬುಟ್ಟಿ ಬಿಚ್ಚಿಸುವುದಾದರೆ ಮೊದಲು ಆ ಮಾತಿಗೆ ಕಿಮ್ಮತ್ತು ಇದೆಯೋ ಇಲ್ಲವೋ ನೋಡಬೇಕು ಎಂದರು. ಬೆಳಿಗ್ಗೆ ಸ್ಟೇಷನ್ನಿನ ಕಾಟಾದ ಮೇಲೆ ತಾವೇ ನಿಂತು ಬಂದಿದ್ದರಂತೆ. ಬೂಟು ಬಿಚ್ಚದೆ, ಅಮರಪ್ಪನ ಭುಜ ಹಿಡಿದುಕೊಂಡು ಹರಿಗೋಲಿನೊಳಗೆ ಕಾಲಿಟ್ಟರು.

"ಹೇಳೋ, ನನ್ನ ವಜನ ಎಷ್ಟೈತಿ?"

ಕಾಲಿಟ್ಟ ಗಳಿಗೆಯಲ್ಲೇ ಗ್ಯಾನಪ್ಪನಿಗೆ ಗೊತ್ತಾಗಿತ್ತು. ಮಣಕ್ಕೆ ನಲವತ್ತು ಸೇರಿನ ಲೆಕ್ಕದಲ್ಲಿ ಎರಡು ಮಣ ಎಂಟು ಸೇರು, ಬೂಟು ಸೇರಿ. ತೊಗಲು ನೀರಿನಲ್ಲಿ ಕುಸಿದ ರೀತಿ, ಹುಟ್ಟಿನ ಹಿಡಿಕೆ ಅಂಗೈಗೆ ಒತ್ತಿದ ರೀತಿ, ಎಲ್ಲವೂ ಒಂದೇ ಸಂಖ್ಯೆಯನ್ನು ಕೂಗಿ ಹೇಳುತ್ತಿದ್ದವು. ಇಪ್ಪತ್ತೆರಡು ವರ್ಷದಲ್ಲಿ ಅವನು ತಿಳಿದೂ ತಿಳಿದೂ ಒಂದು ತೂಕವನ್ನು ಸುಳ್ಳು ಹೇಳಿದವನಲ್ಲ. ಸ್ಟೇಷನ್ನಿನ ಹಮಾಲರು ಜನರ ನಡುವೆ ನಿಂತು, ನಮ್ಮ ಗ್ಯಾನಪ್ಪ ಎಂಬ ಹೆಮ್ಮೆಯಿಂದ ಅವನ ಬಾಯಿಯನ್ನೇ ನೋಡುತ್ತಿದ್ದರು. ಮುರ್ತುಜಾಸಾಬನೂ ನೋಡುತ್ತಿದ್ದ.

ಗ್ಯಾನಪ್ಪ ಸಾಹೇಬರ ಬೂಟು ನೋಡಿದ, ಆಕಾಶ ನೋಡಿದ, ತಲೆ ತುರಿಸಿಕೊಂಡ.

"ಒಂದು ಮಣ ಮೂವತ್ತು ಸೇರು ಆಗ್ತದ್ರಿ ಸಾಹೇಬ್ರ."

ಕಾಟಾ ಎರಡು ಮಣ ಎಂಟು ಸೇರು ತೋರಿಸಿತ್ತು ಎಂದು ಸಾಹೇಬರು ಎಲ್ಲರಿಗೂ ಕೇಳುವಂತೆ ಹೇಳಿದರು. ಆಮೇಲೆ ಅವರೇ ಮೊದಲು ನಕ್ಕರು. ಅವರ ಹೊಟ್ಟೆ ಕುಣಿದದ್ದಕ್ಕೆ ಹರಿಗೋಲೂ ಕುಣಿಯಿತು. ಹದಿನೆಂಟು ಸೇರು ನುಂಗಿ ಕುಳಿತ ಅಂಬಿಗನನ್ನು ನೋಡಿ ದಂಡೆಯ ಜನವೆಲ್ಲ ನಕ್ಕಿತು. ಹಮಾಲರು ನಗಲಿಲ್ಲ, ಮುಖ ತಿರುಗಿಸಿಕೊಂಡು ಸ್ಟೇಷನ್ನಿಗೆ ನಡೆದರು. ಸಾಹೇಬರು ನಗು ನಿಲ್ಲಿಸಿ ಮುರ್ತುಜಾಸಾಬನ ಕಡೆ ತಿರುಗಿ, ಇವನ ಮಾತು ಕಟ್ಟಿಕೊಂಡು ಕೊಪ್ಪಳದಿಂದ ನನ್ನನ್ನು ಕರೆಸಿದೆಯಾ ಎಂದು ಎಲ್ಲರ ಮುಂದೆ ಝಾಡಿಸಿದರು. ಉಡಚಮ್ಮ ಪಡಲಗಿಯನ್ನು ತಲೆಗೇರಿಸಿ ಇಳಿದು ಹೋದಳು. ಹಿಂತಿರುಗಿ ನೋಡಲಿಲ್ಲ, ನೋಡಬಾರದೆಂದು ಅವಳಿಗೂ ತಿಳಿದಿತ್ತು.

ಎರಡು ತಿಂಗಳು ಮುರ್ತುಜಾಸಾಬ ಮಾತಾಡಲಿಲ್ಲ, ಚುಟ್ಟಾ ಒಬ್ಬನೇ ಸೇದಿದ. ಮೂರನೆಯ ತಿಂಗಳು ಒಂದು ದಿನ ಆಚೆ ದಂಡೆಗೆ ಕೆಲಸವಿದೆಯೆಂದು ಬಂದು ಹರಿಗೋಲು ಹತ್ತಿದ. ಗ್ಯಾನಪ್ಪ ಜಾಗ ತೋರಿಸುವ ಮೊದಲೇ ತನ್ನ ತೂಕಕ್ಕೆ ಸರಿಯಾದ ಜಾಗ ನೋಡಿ ತಾನೇ ಕುಳಿತ. ನಡುಹೊಳೆಯಲ್ಲಿ ಅರ್ಧ ಚುಟ್ಟಾ ಅವನ ಕೈಗಿಟ್ಟ. ಏನನ್ನೂ ಕೇಳಲಿಲ್ಲ. ಸಾಹೇಬರ ತೂಕದಲ್ಲಿ ಗ್ಯಾನಪ್ಪ ಹದಿನೆಂಟು ಸೇರು ತಪ್ಪುವುದು ಸಾಧ್ಯವಿಲ್ಲವೆಂದು ಅವನಿಗಿಂತ ಚೆನ್ನಾಗಿ ಬಲ್ಲವರು ಯಾರಿದ್ದರು?

ಕಲ್ಲುಗಳು ಎಲ್ಲಿ ಹೋಗುತ್ತವೆ ಎಂಬುದನ್ನು ಸಾಹೇಬರು ಬಂದುಹೋದ ಮುಂದಿನ ಹುಣ್ಣಿಮೆಗೆ ಉಡಚಮ್ಮ ತಾನೇ ತೋರಿಸಿದ್ದಳು. ಗ್ಯಾನಪ್ಪ ಅಂದು ಹೊಗೆಯಲ್ಲಿ ನಿಂತು ನೋಡಿದ ಜಾಗವೇ. ಸೆರಗಿನ ಮರೆಯಲ್ಲಿ ಅರಿಶಿನವನ್ನು ಬೂದಿಯಿಂದ ತಿಕ್ಕಿ ತೊಳೆದು, ಒಂದು ಕಲ್ಲನ್ನು ಆರಿದ ಒಲೆಯ ಪಕ್ಕ ಒಲೆಗುಂಡಾಗಿ ಬಿಟ್ಟು ಬರುತ್ತಿದ್ದಳು. ಕಲ್ಲುಗಳ ನಡುವೆ ಕಲ್ಲು, ಯಾರು ನೋಡುತ್ತಾರೆ? ಮಸಿ ಹಿಡಿದ ದೇವಿಯ ಕಲ್ಲುಗಳನ್ನು ಕಂಡು ಗ್ಯಾನಪ್ಪನಿಗೆ ಕಸಿವಿಸಿಯಾಯಿತು, ಬೇರೆ ಕಡೆ ಒಂದು ಕಟ್ಟೆ ಕಟ್ಟೋಣವೇ ಎಂದು ಕೇಳಿದ. ಅಲ್ಲಿ ವರ್ಷಕ್ಕೊಮ್ಮೆ ಪೂಜೆ ಆಗುತ್ತಿತ್ತು, ಇಲ್ಲಿ ದಿನಾ ದೇವಿಯ ಮೇಲೆ ಎಡೆ ಬೇಯುತ್ತದೆ, ಇನ್ನೇನು ಬೇಕು ಎಂದು ಅವಳು ತಿರುಗಿ ಕೇಳಿದಳು.

ಉಳಿದ ಎಂಟು ಕಲ್ಲುಗಳೂ ೧೯೪೬ ಮುಗಿಯುವುದರೊಳಗೆ ಬಂದು ಮುಟ್ಟಿದವು. ಗ್ಯಾನಪ್ಪ ಪ್ರತಿ ಸಲ ಹತ್ತು ಸೇರು ಸೇರಿಸಿ ಕೂಡಿಸಿದ, ಹರಿಗೋಲು ಒಮ್ಮೆಯೂ ವಾಲಲಿಲ್ಲ. ಆದರೆ ಆ ನಗುವಿನ ದಿನದಿಂದ ಅವನನ್ನು ಯಾರೂ ತೂಕ ಕೇಳುತ್ತಿರಲಿಲ್ಲ. ಯಾವ ಯಾತ್ರಿಕನನ್ನೂ ಯಾರೂ ಸ್ಟೇಷನ್ನಿಗೆ ಕರೆದೊಯ್ಯಲಿಲ್ಲ. ದುರಗಮ್ಮನಿಗೆ ಮಾತ್ರ ಎಲ್ಲ ಗೊತ್ತಿತ್ತು. ಅವಳು ಹುಣ್ಣಿಮೆ ಮುಗಿದ ಮರುದಿನ ಹೊಳೆದಂಡೆಗೆ ಹೋಗಿ, ಹದಿನೆಂಟೂ ಇವೆಯೇ ಎಂದು ನೋಡಿ ಬರುತ್ತಿದ್ದಳು.

ಮರುವರ್ಷದ ಭಾರತ ಹುಣ್ಣಿಮೆಗೆ ಅಮರಪ್ಪ ಮತ್ತೆ ಬಂದ. ಹೊಳೆದಂಡೆಯಲ್ಲಿ ಒಲೆ ಹೂಡಲು ಕಲ್ಲು ಹುಡುಕುತ್ತ ಅಡ್ಡಾಡಿ, ನುಣ್ಣಗಿವೆ ಎಂದು ಮೂರು ಗುಂಡುಗಳನ್ನು ಆರಿಸಿಕೊಂಡ. ಗ್ಯಾನಪ್ಪ ಹರಿಗೋಲನ್ನು ದಡಕ್ಕೆಳೆದು ಒಣಹಾಕುವ ನೆವದಲ್ಲಿ ನಿಂತು ನೋಡುತ್ತಿದ್ದ. ಮೂರರಲ್ಲಿ ಎರಡು ಅಮರಪ್ಪನ ಊರ ದೇವಿಯ ಕಟ್ಟೆಯವೇ. ಅಮರಪ್ಪ ಗಲ್ಲ ಉಬ್ಬಿಸಿ ಬೆಂಕಿ ಊದಿದ, ಹೊಗೆಗೆ ಕಣ್ಣು ಒರೆಸಿಕೊಂಡ, ಗಡಿಗೆ ಉಕ್ಕಿದಾಗ ಎರಡೂ ಕೈ ಎತ್ತಿ ಉಧೋ ಎಂದ. ಉಡಚಮ್ಮ ಪಕ್ಕದಲ್ಲೇ ಕುಳಿತು ಅವನ ಸೊಸೆಯಿಂದ ಎರಡು ಕಡುಬು ಇಸಿದುಕೊಂಡು ತಿಂದಳು. ಗ್ಯಾನಪ್ಪನಿಗೆ ಹೊಟ್ಟೆಯೊಳಗಿನ ಮಾತು ಗಂಟಲಿಗೆ ಬಂದು, ಕೆಮ್ಮಿ ಕೆಮ್ಮಿ ಅದನ್ನು ಹಿಂದಕ್ಕೆ ಕಳಿಸಬೇಕಾಯಿತು.

ಸಂಜೆ ಅವರನ್ನೆಲ್ಲ ವಾಪಸು ಒಯ್ಯುವಾಗ ಅಮರಪ್ಪನಿಗೆ ಹೋದ ವರ್ಷದ ತಮಾಷೆ ನೆನಪಾಯಿತು. ಹುಟ್ಟು ಹಾಕುತ್ತಿದ್ದವನನ್ನು ನೋಡಿ, "ಏನಪಾ, ಅಮೀನರ ತೂಕಂತೂ ಗೊತ್ತಾಗ್ಲಿಲ್ಲ ನಿನಗ. ನಿನ್ನ ತೂಕನಾದ್ರೂ ಗೊತ್ತೈತೇನು?" ಎಂದ. ಅವನ ಮಂದಿಯೆಲ್ಲ ನಕ್ಕರು. ಗ್ಯಾನಪ್ಪನ ಬಲಕ್ಕೆ ಈಗ ಕಲ್ಲಿಲ್ಲದ ಪಡಲಗಿ ಹಿಡಿದು ಕುಳಿತಿದ್ದ ಉಡಚಮ್ಮ ಮಾತ್ರ ನೀರು ನೋಡುತ್ತಿದ್ದಳು.

"ಇಲ್ರಿ ಯಜಮಾನ್ರ," ಎಂದ ಗ್ಯಾನಪ್ಪ, ಹರಿಗೋಲನ್ನು ಬಂಡೆಯ ಸಂದಿಯಿಂದ ಸಲೀಸಾಗಿ ದಾಟಿಸುತ್ತ. "ಅದೊಂದು ಮೊದಲಿಂದನೂ ಗೊತ್ತಾಗಿಲ್ರಿ."